ರೆಪ್ಪೆ ಬೀಳುವ ರೋಗಿ, ಕಣ್ಣು ಕಾಣದ ಡಾಕ್ಟರು

ನಾನು ಬಲು ಜಾಣ ಡಾಕ್ಟರು ಅಂತ ನನಗೇ ಅನ್ನಿಸಿದಾಗಲೆಲ್ಲ ಯಾರೋ ಒಬ್ಬ ರೋಗಿ ಬಂದು ಆ ಭ್ರಮೆ ಬಿಡಿಸಿ ಹೋಗಿದ್ದಾನೆ. ಎಂಬತ್ತರ ದಶಕದ ಕೊನೆಯಲ್ಲಿ, ನಾಸಿಕದ ದೇವಳಾಲಿ ಕ್ಯಾಂಪಿನ ನನ್ನ ದವಾಖಾನೆಗೆ ಬರುತ್ತಿದ್ದ ಗದಗಿನ ಫಿಟ್ಟರ್ ಒಬ್ಬರಷ್ಟು ಚೆನ್ನಾಗಿ ಮಾತ್ರ ಯಾರೂ ಬಿಡಿಸಲಿಲ್ಲ.

ಬಾಯಿ ವಾಸನೆ

ಸಂಜೆಯಾದರೆ ಅವರ ರೆಪ್ಪೆ ಜೋಲುತ್ತಿತ್ತು, ಮಾತು ತೊದಲುತ್ತಿತ್ತು. ಕುಡಿದು ಕೆಲಸ ಮಾಡುತ್ತಾರೆಂದು ಕಾರ್ಖಾನೆಯವರು ನೋಟೀಸು ಕೊಟ್ಟಿದ್ದರು. ನೌಕರಿಗೇ ಕುತ್ತು.

“ನಮ್ಮವರು ಚಹಾ ಬಿಟ್ರ ಏನೂ ಮುಟ್ಟೂದಿಲ್ರಿ” ಅಂದರು ಹೆಂಡತಿ.

ಎಲ್ಲ ಹೆಂಡಂದಿರೂ ಹೇಳುವುದು ಹೀಗೇ ಅಂದುಕೊಂಡು, ನಾನು ಅವರ ಬಾಯಿಯ ಹತ್ತಿರ ಮೂಗು ಒಯ್ದು, “ಜೋರಾಗಿ ಉಸಿರು ಬಿಡ್ರಿ” ಎಂದೆ. ಬರೀ ಬಳ್ಳೊಳ್ಳಿ ಚಟ್ನಿ! ಇನ್ನೊಮ್ಮೆ ಬಿಡಿಸಿದೆ. ಅದೇ.

ಮರುದಿನ ಆಕೆ ನನ್ನ ಮೇಜಿನ ಮೇಲೆ ಚಟ್ನಿ ಡಬ್ಬಿ ಇಟ್ಟರು. “ಎರಡೆರಡು ಸಲ ಮೂಸಿದ್ರಲ್ರಿ, ಮನಸಾಗಿರಬೇಕಂತ ತಂದೀನಿ.”

ಬೆಂಚು

ಬೆಳಿಗ್ಗೆ ನೋಡಿದರೆ ಮನುಷ್ಯ ಸರಿಯಾಗೇ ಇರುತ್ತಿದ್ದರು. ‘ಅಶಕ್ತತನ’ ಎಂದು ಎಂಟು ತಿಂಗಳು ಬಿ-ಕಾಂಪ್ಲೆಕ್ಸ್ ಚುಚ್ಚಿದೆ. ಕೊನೆಗೆ, “ರೆಪ್ಪೆ ಬಿದ್ದಾಗಲೇ ಬರ್ರಿ” ಎಂದೆ.

ಒಂದು ಸಂಜೆ ಬಂದರು. ಗದ್ದಲ ಇತ್ತು, ಸರದಿ ಬರುವ ತನಕ ಒಂದು ತಾಸು ಬೆಂಚಿನ ಮೇಲೆ ಕಣ್ಣು ಮುಚ್ಚಿ ಕೂತರು. ಒಳಗೆ ಬಂದಾಗ ಕಣ್ಣುಗಳು ಪೂರ್ತಿ ತೆರೆದಿದ್ದವು! ವಿಶ್ರಾಂತಿ ಸಿಕ್ಕರೆ ಸುಧಾರಿಸುವುದೇ ಅವರಿಗಿದ್ದ ರೋಗದ ಗುರುತು. ನನಗದು ಹೊಳೆಯಬೇಕಲ್ಲ?

“ನಿಮ್ಮ ಸೂಜಿಗಿಂತ ನಿಮ್ಮ ಬೆಂಚು ಚಲೋ ಐತ್ರಿ” ಅಂದರು.

ಗಾಢವ

ಒಂದು ದಿನ ಅನ್ನ ಗಂಟಲಲ್ಲಿ ಇಳಿಯದೆ ಒದ್ದಾಡಿದರೆಂದು ಕೇಳಿ ನನಗೆ ದಿಗಿಲಾಯಿತು. ಮರುದಿನವೇ ಅವರನ್ನು ಬಸ್ಸಿನಲ್ಲಿ ಆಗಿನ ಔರಂಗಾಬಾದಿಗೆ, ಈಗಿನ ಛತ್ರಪತಿ ಸಂಭಾಜಿನಗರಕ್ಕೆ, ಒಬ್ಬ ಹಿರಿಯ ಪ್ರೊಫೆಸರರ ಬಳಿ ಕರೆದೊಯ್ದೆ.

ಅವರು ರೋಗಿಗೆ, “ಕಣ್ಣೆತ್ತಿ ಮೇಲೆ ಸೂರು ನೋಡುತ್ತಲೇ ಇರಿ” ಎಂದರು. ಅಷ್ಟೇ. ನಿಮಿಷದೊಳಗೆ ರೆಪ್ಪೆಗಳು ಅಂಗಡಿ ಶಟರಿನಂತೆ ಇಳಿದವು. ಮೈಯ ಕಾವಲು ಪಡೆಯೇ ದಿಕ್ಕು ತಪ್ಪಿ ಸ್ವಂತ ಸ್ನಾಯುಗಳನ್ನು ಸೋಲಿಸುವ ಅಪರೂಪದ ರೋಗ, ಮಯಸ್ತೇನಿಯಾ.

“ಎಂಟು ತಿಂಗಳು ಬಿ-ಕಾಂಪ್ಲೆಕ್ಸ್ ಕೊಟ್ಟ ಗಾಢವ ಯಾರು?” ಎಂದರು ಪ್ರೊಫೆಸರು ಮರಾಠಿಯಲ್ಲಿ; ಗಾಢವ ಎಂದರೆ ಕತ್ತೆ. ಆಮೇಲೆ ನನ್ನತ್ತ ತಿರುಗಿ, “ನೀವು ಇವರ ಭಾಊ ಕಾ?”

“ಹೋ” ಎಂದು ಒಪ್ಪಿಬಿಟ್ಟೆ, ನಿಂತಲ್ಲೇ ಅವರ ತಮ್ಮನಾಗಿ.

ರೋಗಿ ನನ್ನ ಮರ್ಯಾದೆ ಕಾಯಲು ಮುಂದಾದರು: “ಆ ಡಾಕ್ಟರು ಬಾಳ ಒಳ್ಳೆಯವರು ಸಾಹೇಬ್ರ. ರೋಗ ಒಂದು ತಿಳಿಯೂದಿಲ್ಲ, ಅಷ್ಟ.”

ಇಬ್ಬರು

ಮುಂದೆ ಗುಳಿಗೆಗಳಿಂದ ಅವರು ಸುಧಾರಿಸಿದರು. ಪ್ರೊಫೆಸರರ ಪತ್ರದಿಂದ ನೌಕರಿಯೂ ಉಳಿಯಿತು. ಅಂದು ಔರಂಗಾಬಾದಿನಲ್ಲಿ, ಪ್ರೊಫೆಸರು ಪರೀಕ್ಷೆಯ ಇಂಜೆಕ್ಷನ್ ಕೊಟ್ಟು ಸ್ವಲ್ಪ ಹೊತ್ತಾದ ಮೇಲೆ ಅವರ ಕಣ್ಣು ಅಗಲವಾಗಿ ತೆರೆದುಕೊಂಡಿತು. ಅವರು ನನ್ನನ್ನೇ ದಿಟ್ಟಿಸುತ್ತಿದ್ದರು.

“ಏನ್ರಿ, ಚೆನ್ನಾಗಿ ಕಾಣತೈತೇನು?” ಎಂದೆ.

“ಈಗ ನೀವು ಒಬ್ಬರ ಆದ್ರಿ! ಬಸ್ಸಿನ್ಯಾಗ ಇಬ್ಬರು ಕಾಣತಿದ್ರಿ.”

“ಅಯ್ಯೋ! ಒಂದು ಎರಡಾಗಿ ಕಾಣೋದು ನನಗ ಯಾಕ ಹೇಳಲಿಲ್ರಿ?”

“ನೀವ ಕೇಳಲಿಲ್ಲಲ್ರಿ!” ಎಂದವರು ಬಹಳ ಮರುಕದಿಂದ ಹೇಳಿದರು: “ಅಲ್ಲಾ, ಇಬ್ಬಿಬ್ಬರು ಡಾಕ್ಟರು ಕೂಡಿ ನೋಡಿದ್ರೂ ಗೊತ್ತಾಗಲಿಲ್ಲಲ್ರಿ!”