ಏಕಾಂತಯ್ಯನವರ ಐದು ಜೀವ

ನನ್ನ ಗಂಡ ಏಕಾಂತಯ್ಯ ಯಾರಿಗೂ ಏನನ್ನೂ ಬಿಟ್ಟುಕೊಡುವ ಮನುಷ್ಯನಲ್ಲ. ಕೋಪದಿಂದ ಹೇಳುತ್ತಿಲ್ಲ, ನಲವತ್ತನಾಲ್ಕು ವರ್ಷಗಳ ಅವಲೋಕನದ ನಂತರ ಹೇಳುತ್ತಿದ್ದೇನೆ. ರಸಬಾಳೆಯ ಚಿಪ್ಪಿನಲ್ಲಿ ಕೊನೆಯ ಹಣ್ಣು ಯಾವತ್ತೂ ಅವರದು. ರೊಟ್ಟಿಯ ಗರಿಗರಿ ಅಂಚು ಅವರದು. ಪತ್ರಿಕೆಯ ಪದಬಂಧ ಅವರದು. ಬಿಡಿಸಲಾರದೆ ಕೈಚೆಲ್ಲಿದ ಮೇಲೂ ಅದನ್ನು ಮಡಿಚಿ ದಿಂಬಿನ ಕೆಳಗಿಟ್ಟುಕೊಳ್ಳುತ್ತಾರೆ, ಎಲ್ಲಿ ನಾನು ಬಿಡಿಸಿಬಿಡುತ್ತೇನೋ ಎಂದು. ಎದುರುಮನೆಯ ರೇವಣಸಿದ್ದಪ್ಪನವರು ಇವರ ಹಳೆಯ ಸ್ನೇಹಿತರು. ಅವರಿಗೆ ಒಮ್ಮೆ ಏಣಿ ಎರವಲು ಕೊಟ್ಟು, ಅವರು ಅದರ ಮೇಲೆ ನಿಂತಿರುವಾಗಲೇ ವಾಪಸು ಕೇಳಿದ ಮಹಾನುಭಾವರು ಇವರು.

ಇಂಥವರ ಕೈಗೆ ಮೂರು ವರ್ಷದ ಹಿಂದೆ ಸ್ಮಾರ್ಟ್‌ಫೋನ್ ಬಂತು. ಫೋನಿನೊಳಗೆ ಒಂದು ಹಣ್ಣಿನ ಆಟ ಬಂತು. ಒಂದೇ ಬಗೆಯ ಮೂರು ಹಣ್ಣುಗಳನ್ನು ಸಾಲಾಗಿ ಜೋಡಿಸಿದರೆ ಅವು ಮಾಯವಾಗುತ್ತವೆ, ಮೇಲಿನಿಂದ ಬೇರೆ ಹಣ್ಣು ಉದುರುತ್ತವೆ. ಅಷ್ಟೇ. ಆಡುವವರಿಗೆ ಐದು ಜೀವ. ಸೋತರೆ ಒಂದು ಹೋಗುತ್ತದೆ. ಹೋದ ಜೀವ ಮರಳಲು ಅರ್ಧ ಗಂಟೆ ಕಾಯಬೇಕು. (ಪುರಾಣಗಳಲ್ಲಿ ಇದಕ್ಕೆ ತಪಸ್ಸು ಮಾಡಬೇಕಿತ್ತು.) ನಾನು ಮೂವತ್ತನಾಲ್ಕು ವರ್ಷ ಸಸ್ಯಶಾಸ್ತ್ರ ಪಾಠ ಮಾಡಿದವಳು. ಆ ಆಟದಲ್ಲಿ ಟೊಮೇಟೊ ಹಣ್ಣುಗಳ ಜೊತೆ ಇರುವುದಕ್ಕೆ ನನ್ನ ಆಕ್ಷೇಪವಿಲ್ಲ, ಅದು ಹಣ್ಣೇ. ಆದರೆ ಅನಾನಸ್ ಮರದಿಂದ ಬೀಳುತ್ತದೆ! ನೆಲಮಟ್ಟದ ಗಿಡದಲ್ಲಿ ಬಿಡುವ ಅನಾನಸ್ಸನ್ನು ಮರದ ತುದಿಗೆ ನೇತುಹಾಕಿದ ಆಟವನ್ನು ನನ್ನ ಮನೆಯಲ್ಲಿ, ನನ್ನ ಕಣ್ಣೆದುರು, ದಿನಕ್ಕೆ ನಾಲ್ಕು ಗಂಟೆ ಆಡುವುದೆಂದರೇನು?

ಆಡುವುದಲ್ಲದೆ ಪಂಥ ಬೇರೆ. ಇವರು, ರೇವಣಸಿದ್ದಪ್ಪನವರು ಇಬ್ಬರಲ್ಲಿ ಎರಡು ಸಾವಿರದ ಲೆವೆಲ್ ಯಾರು ಮೊದಲು ಮುಟ್ಟುತ್ತಾರೋ ಅವರನ್ನು ಇನ್ನೊಬ್ಬರು ಜೀವನಪರ್ಯಂತ ಎಲ್ಲರೆದುರು ‘ಗುರುಗಳೇ’ ಎಂದು ಕರೆಯಬೇಕು. ಇವರು ಸಾವಿರದ ಎಂಟುನೂರ ನಲವತ್ತಾರರಲ್ಲಿದ್ದರು. ರೇವಣಸಿದ್ದಪ್ಪನವರು ಏಳು ಲೆವೆಲ್ ಹಿಂದೆ.

ಒಂದು ಸೋಮವಾರ ನಾನು ಕುಕ್ಕರ್ ಒಲೆಯ ಮೇಲಿಟ್ಟು, "ಮೂರು ವಿಸಲ್ ಆದಮೇಲೆ ಆರಿಸಿ" ಎಂದು ಹೇಳಿ ಹಿತ್ತಲಿಗೆ ಹೋದೆ. ಬಂದು ನೋಡಿದರೆ ಅಡುಗೆಮನೆಯಲ್ಲಿ ಹೊಗೆ.

"ಎಷ್ಟು ವಿಸಲ್ ಆಯ್ತು ರೀ?"

"ಸಾವಿರದ ಎಂಟ್ನೂರ ನಲವತ್ತಾರು," ಎಂದರು, ತಲೆ ಎತ್ತದೆ.

ಮರುದಿನ ಬೆಳಿಗ್ಗೆ ಅವರು ಲಿಂಗಪೂಜೆಗೆ ಕೂತರು. ಪೂಜೆ ಎಂದರೆ ಮುಕ್ಕಾಲು ಗಂಟೆ. ಆ ಹೊತ್ತಿನಲ್ಲಿ ಮನೆ ಕುಸಿದರೂ ಏಳುವವರಲ್ಲ. ಅವರ ಫೋನು ಊಟದ ಮೇಜಿನ ಮೇಲಿತ್ತು. ನಾನು ಅನಾನಸ್ ಮರದ ಚಿತ್ರವನ್ನು ಒತ್ತಿ ಹಿಡಿದೆ. ಅಳಿಸಬೇಕೇ ಎಂದು ಫೋನು ವಿನಯದಿಂದ ಕೇಳಿತು. "ಹೌದು," ಎಂದೆ, ಬಾಯಿಬಿಟ್ಟು.

ಸಿಡಿಲನ್ನು ನಿರೀಕ್ಷಿಸಿದ್ದೆ. ಉತ್ತರಗಳನ್ನು ಕ್ರಮವಾಗಿ ಸಿದ್ಧ ಮಾಡಿಟ್ಟುಕೊಂಡಿದ್ದೆ. ಅವರು ಹಣೆಯ ತುಂಬ ವಿಭೂತಿ ಧರಿಸಿ ಬಂದರು, ಫೋನು ತೆಗೆದುಕೊಂಡರು, ಹೆಬ್ಬೆರಳಿನಿಂದ ಆ ಕಡೆ ಈ ಕಡೆ ಸವರಿದರು, ಕನ್ನಡಕ ಒರೆಸಿ ಇನ್ನೊಮ್ಮೆ ಸವರಿದರು. ಫೋನನ್ನು ಮಗುಚಿಟ್ಟು ಉಪ್ಪಿಟ್ಟು ತಿಂದರು. ಎರಡನೆಯ ಸಲ ಹಾಕಿಸಿಕೊಳ್ಳಲಿಲ್ಲ.

"ಏನಾದ್ರೂ ಕಳೆದುಹೋಯ್ತಾ?" ಎಂದು ನಾನೇ ಕೇಳಬೇಕಾಯಿತು.

"ಏನಿಲ್ಲ ಬುಡು."

ಇದು ನ್ಯಾಯವಲ್ಲ. ಜಗಳವಾಡುವವರ ಜೊತೆ ಜಗಳವಾಡಬಹುದು. ಉಪ್ಪಿಟ್ಟು ಬೇಡವೆನ್ನುವವರ ಜೊತೆ ಏನು ಮಾಡುವುದು?

ಮಧ್ಯಾಹ್ನ ನನಗೆ ನಮ್ಮ ಕಾಲೇಜಿನ ಅಟೆಂಡರ್ ರಾಮಯ್ಯ ನೆನಪಾದ. ಹಾಳೆಗಳಿಗೆ ಅಂಟಿಸಿ ಒಣಗಿಸಿಟ್ಟಿದ್ದ ಎಲೆಗಳ ಒಂದಿಡೀ ಕಟ್ಟನ್ನು ಅವನು ಕಸವೆಂದು ತಿಳಿದು ಟೀ ಕಾಯಿಸಲು ಉರಿಹಾಕಿದ್ದ. ನಾನು ಅವನಿಗೆ ಮೆಮೊ ಕೊಟ್ಟೆ. ‘ಇನ್ನೊಬ್ಬರು ಶ್ರಮದಿಂದ ಸಂಗ್ರಹಿಸಿದ್ದನ್ನು ಮುನ್ಸೂಚನೆಯಿಲ್ಲದೆ ನಾಶಪಡಿಸುವ ಹಕ್ಕು ಯಾರಿಗೂ ಇರುವುದಿಲ್ಲ’ ಎಂದು ಅದರಲ್ಲಿ ಬರೆದದ್ದು ನಾನೇ. ಮೂರು ವರ್ಷದ ಲೆವೆಲ್ಲುಗಳು ಮೂರ್ಖತನದ ಸಂಗ್ರಹವಿರಬಹುದು, ಆದರೂ ಸಂಗ್ರಹ. ಆ ಆಟವನ್ನು ಇದ್ದ ಜಾಗಕ್ಕೆ, ಇದ್ದ ಲೆವೆಲ್ಲಿಗೆ, ಅವರ ಅರಿವಿಗೆ ಬಾರದಂತೆ ಮರಳಿಸುವುದೆಂದು ತೀರ್ಮಾನಿಸಿದೆ. ಇದರಲ್ಲಿ ಪ್ರೀತಿಯ ಪ್ರಶ್ನೆ ಇರಲಿಲ್ಲ. ಇದು ಕಾರ್ಯವಿಧಾನದ ಪ್ರಶ್ನೆ.

ಬುಧವಾರ ಪೂಜೆಯ ಹೊತ್ತಿನಲ್ಲಿ ಅವರ ಫೋನಿನ ಕಸದ ಬುಟ್ಟಿ ಹುಡುಕಿದೆ. ಅರವತ್ತಮೂರು ಚಿತ್ರಗಳು ಸಿಕ್ಕವು, ಎಲ್ಲವೂ ಅವರದೇ ಹೆಬ್ಬೆರಳು. ಗುರುವಾರ ಫೋನಿನ ಕಡತಗಳನ್ನು ಒಂದೊಂದಾಗಿ ತೆರೆದು ನೋಡಿ ನೋಟ್‌ಬುಕ್ಕಿನಲ್ಲಿ ಗುರುತು ಹಾಕಿಕೊಂಡೆ. ಆಟವಿರಲಿಲ್ಲ. ಫೋನನ್ನು ಆರಿಸಿ ಹೊತ್ತಿಸಿದೆ. ಅವಸರದಲ್ಲಿ ಒಮ್ಮೆ ಕುಟ್ಟಿಯೂ ನೋಡಿದೆ. (ವೈಜ್ಞಾನಿಕ ವಿಧಾನವಲ್ಲ, ಒಪ್ಪುತ್ತೇನೆ. ನಮ್ಮ ಹಳೆಯ ರೇಡಿಯೋಗೆ ಫಲ ಕೊಟ್ಟಿತ್ತು.)

ಶುಕ್ರವಾರ ಚಾಮರಾಜಪುರಂ ರೈಲ್ವೆ ಸ್ಟೇಷನ್ ಕಡೆಯ ಮೊಬೈಲ್ ರಿಪೇರಿ ಅಂಗಡಿಗೆ ಹೋದೆ. ಅವರ ಫೋನು ತಂದರೆ ಗೊತ್ತಾಗುತ್ತದೆಂದು ನನ್ನದನ್ನೇ ಒಯ್ದಿದ್ದೆ. ಅಂಗಡಿಯ ಶಿವಕಿರಣ್, ನಲವತ್ತು ದಾಟಿದವನು, ಒಂದು ಕಣ್ಣಿಗೆ ಭೂತಗನ್ನಡಿ ಸಿಕ್ಕಿಸಿಕೊಂಡು ಯಾರದೋ ಫೋನಿನ ಹೊಟ್ಟೆ ಬಗೆಯುತ್ತಿದ್ದ.

"ಅಳಿಸಿಹೋದ ಒಂದು ಆಟ ಹುಡುಕಬೇಕಪ್ಪ."

"ಗೇಮ್ ಹೆಸರೇನು ಮೇಡಂ?"

"ಗೊತ್ತಿಲ್ಲ. ಅನಾನಸ್ ಮರದಲ್ಲಿ ಬಿಡುತ್ತೆ."

"ಮರದಲ್ಲೇ ತಾನೇ ಮೇಡಂ ಬಿಡೋದು?"

ಅಲ್ಲಿಯೇ ಐದು ನಿಮಿಷ ಪಾಠ ಮಾಡಬೇಕಾಯಿತು. ಚಾರ್ಜರ್ ಕೊಳ್ಳಲು ಬಂದಿದ್ದ ಒಬ್ಬರು ತಾವೂ ಮರವೆಂದೇ ತಿಳಿದಿದ್ದಾಗಿ ಒಪ್ಪಿಕೊಂಡರು.

"ಮೊಮ್ಮಗೂಗಾ ಗೇಮು?" ಎಂದ ಶಿವಕಿರಣ್.

"ಎಪ್ಪತ್ತಾರು ವರ್ಷದ ಮಗು."

"ಹಂಗಾದ್ರೆ ಯಜಮಾನರ ಫೋನ್ ಬೇಕಲ್ಲ. ಅವರ ಐಡಿ ಯಾವ್ದು?"

"ಇಬ್ಬರಿಗೂ ಒಂದೇ. ಒಂದು ಮನೆಗೆ ಒಂದು ಬಾಗಿಲು, ಒಂದು ಬೀಗ, ಒಂದು ಇ-ಮೇಲ್. ಅದು ನನ್ನ ಸಿದ್ಧಾಂತ."

ಅವನು ಭೂತಗನ್ನಡಿ ತೆಗೆದು ನನ್ನನ್ನು ಬರಿಗಣ್ಣಿನಿಂದ ನೋಡಿದ. "ಒಳ್ಳೇದೇ ಆಯ್ತು ಬುಡಿ," ಎಂದು, ಆಟಗಳನ್ನೆಲ್ಲ ಇಳಿಸಿಕೊಳ್ಳುವ ಆ್ಯಪ್ ಅಂಗಡಿಯನ್ನು ನನ್ನ ಫೋನಿನಲ್ಲಿ ತೆರೆದ. ಮೂಲೆಯಲ್ಲಿ ದುಂಡಗೆ ಇದ್ದ ನನ್ನ ಭಾವಚಿತ್ರ ಒತ್ತಿದ. ಅಲ್ಲೊಂದು ಪಟ್ಟಿ ಬಂತು: ಈ ಐಡಿಯಿಂದ ಒಮ್ಮೆ ಇಳಿಸಿಕೊಂಡು, ಈಗ ಈ ಫೋನಿನಲ್ಲಿ ಇಲ್ಲದವು. "ಅಳಿಸಿದ್ರೆ ಹೋಗೋದು ಫೋನಿಂದ ಮಾತ್ರ ಮೇಡಂ. ಹೆಸರು ಇಲ್ಲೇ ಬಿದ್ದಿರ್ತದೆ."

ಅನಾನಸ್ ಮರವನ್ನು ನಾನು ಪಟ್ಟಿಯ ತುದಿಯಲ್ಲೇ ಗುರುತಿಸಿದೆ. ‘ಫ್ರೂಟ್ ಬಜಾರ್’. ಶಿವಕಿರಣ್ ಒತ್ತಿದ, ಆಟ ಇಳಿಯಿತು, ತೆರೆಯಿತು: ಲೆವೆಲ್ ಒಂದು. "ತಾಳಿ ಮೇಡಂ, ಐಡಿ ಜೋಡಿಸ್ಬೇಕು," ಎಂದು ಅವನು ಇನ್ನೆಲ್ಲೋ ಒತ್ತಿದ. ಪರದೆ ಒಂದು ಸುತ್ತು ತಿರುಗಿ ಸಾವಿರದ ಎಂಟುನೂರ ನಲವತ್ತಾರನ್ನು ತೋರಿಸಿತು.

"ಯಜಮಾನರ ಫೋನಲ್ಲೂ ಹಿಂಗೇ ಮಾಡ್ಬುಡಿ. ಎರಡು ನಿಮಿಷದ ಕೆಲ್ಸ."

ಮರುದಿನದ ಪೂಜೆಯ ಹೊತ್ತಿಗೆ ಮಾಡಬೇಕಿತ್ತು. ಆದರೆ ಮರಳಿಸುವ ಮುನ್ನ ವಸ್ತು ಸುಸ್ಥಿತಿಯಲ್ಲಿದೆಯೇ ಎಂದು ಪರೀಕ್ಷಿಸುವುದು ಕರ್ತವ್ಯವಲ್ಲವೇ? ಶುಕ್ರವಾರ ಸಂಜೆ ಒಂದೇ ಒಂದು ಸಲ ಆಡಿ ನೋಡಿದೆ. ಸೋತೆ. ಆ ಲೆವೆಲ್ಲಿನಲ್ಲಿ ಮೂರು ಏಟು ಬೀಳದೆ ಒಡೆಯದ ಹಲಸಿನ ಹಣ್ಣುಗಳಿದ್ದವು. ಎಂ.ಎಸ್‌ಸಿ.ಯಲ್ಲಿ ಚಿನ್ನದ ಪದಕ ಪಡೆದವಳು ನಾಲ್ಕು ಹಲಸಿನ ಹಣ್ಣಿಗೆ ಸೋಲುವುದೆಂದರೆ? ಮತ್ತೆ ಆಡಿದೆ. ಅರ್ಧ ಗಂಟೆಯಲ್ಲಿ ಐದೂ ಜೀವ ಹೋದವು. ಎರವಲು ಪಡೆದದ್ದನ್ನು ಮುಕ್ಕಾಗಿಸಿ ಹಿಂದಿರುಗಿಸುವ ಅಭ್ಯಾಸ ನನಗಿಲ್ಲ. ಈ ಒಂದು ಲೆವೆಲ್ ದಾಟಿಸಿಯೇ ಕೊಡುವುದೆಂದು ನಿರ್ಧರಿಸಿದೆ.

ಭಾನುವಾರ ಬೆಳಿಗ್ಗೆ ಗಾಡಿಯವನ ಹತ್ತಿರ ಹುರುಳಿಕಾಯಿ ಆರಿಸುತ್ತಿದ್ದಾಗ ರೇವಣಸಿದ್ದಪ್ಪನವರು ಪಕ್ಕಕ್ಕೆ ಬಂದು ನಿಂತರು. ಮುಖದಲ್ಲಿ ಕಾರಣವಿಲ್ಲದ ನಗು.

"ಮೇಡಂನೋರೆ, ಹಲಸಿನಣ್ಣು ಒಡೀಬೇಕಾದ್ರೆ ಮೂಲೆಯಿಂದ ಸುರು ಮಾಡ್ಬೇಕು ಕಣ್ರೀ. ಮಧ್ಯಕ್ಕೆ ಕೈ ಹಾಕಬಾರ್ದು."

"ಹಲಸಿನ ಹಣ್ಣಿಗೆ ಮೂಲೆ ಇರುವುದಿಲ್ಲ," ಎಂದೆ.

"ಅದೂ ಸರೀನೇ," ಎಂದು ನಗುತ್ತಾ ಹೋದರು.

ಅಜ್ಞಾನಿಯ ಮಾತು. ಆದರೂ ಮಧ್ಯಾಹ್ನ ಯಾವ ಕಾರಣವೂ ಇಲ್ಲದೆ ಮೂಲೆಯಿಂದ ಶುರುಮಾಡಿದೆ. ಹಲಸಿನ ಹಣ್ಣುಗಳು ಪಟಪಟನೆ ಒಡೆದವು. ನಾನು ಇದನ್ನು ಕಾಕತಾಳೀಯ ಎಂದು ದಾಖಲಿಸಿದೆ.

ಒಂದು ದಾಟಿದ ಮೇಲೆ ಇನ್ನೊಂದು ದಾಟಿಸಿದರೆ ನಾನು ಮಾಡಿದ ತಪ್ಪಿಗೆ ದಂಡ ತೆತ್ತಂತಾಗುತ್ತದೆ ಎನಿಸಿತು. ಆಮೇಲೆ ಐದು ದಾಟಿಸಿದರೆ ಲೆಕ್ಕ ಚೊಕ್ಕ ಎನಿಸಿತು. ಅದೇಕೋ ನನಗೆ ಜೀವಗಳ ಕೊರತೆಯೇ ಆಗುತ್ತಿರಲಿಲ್ಲ. ಶುಕ್ರವಾರ ಅರ್ಧ ಗಂಟೆಗೊಂದರಂತೆ ಕಾದದ್ದುಂಟು. ಈಗ ಯಾವಾಗ ತೆರೆದರೂ ಐದು ತುಂಬಿಕೊಂಡಿರುತ್ತಿತ್ತು. ಪರದೆಯ ಮೂಲೆಯಲ್ಲಿ ಒಂದು ಲಕೋಟೆ ದಿನವೂ ಮಿನುಗುತ್ತಿತ್ತು. ಏಕಾಂತಯ್ಯನವರ ಹೆಸರಿಗೆ ಬಂದದ್ದಿರಬೇಕೆಂದು ನಾನದನ್ನು ಮುಟ್ಟಲಿಲ್ಲ. ಪರರ ಪತ್ರ ಒಡೆಯುವವಳಲ್ಲ ನಾನು. ಗಂಭೀರವಾಗಿ ಆಡುವವರನ್ನು ಕಂಪನಿಯವರು ಹೇಗೋ ಗುರುತಿಸಿ ಪ್ರೋತ್ಸಾಹಿಸುತ್ತಾರೆಂದು ಭಾವಿಸಿದೆ.

ಬುಧವಾರ ಅಡುಗೆಮನೆಯ ಬಾಗಿಲು ಮುಂದೆ ಮಾಡಿಕೊಂಡು ಆಡುತ್ತಿದ್ದಾಗ ಸೀದ ವಾಸನೆ ಬಂತು. ಇವರು ಬಾಗಿಲಲ್ಲಿ ನಿಂತಿದ್ದರು.

"ಎಷ್ಟು ವಿಸಲ್ ಆಯ್ತು ಗಿರಿಜಾ?"

ಸಾವಿರದ ಎಂಟುನೂರ ಐವತ್ತೊಂಬತ್ತು ಎನ್ನಲು ಬಾಯಿ ತೆರೆದವಳು ಸಾವರಿಸಿಕೊಂಡು, "ಮೂರು," ಎಂದೆ. ಮದುವೆಯಾದಾಗಿನಿಂದ ನಾನು ಅವರಿಗೆ ಹೇಳಿದ ಮೊದಲ ಸುಳ್ಳು. ಅವರು ಸೀದ ಬೇಳೆಯನ್ನು ತಕರಾರಿಲ್ಲದೆ ಉಂಡರು.

ಶನಿವಾರದ ಹೊತ್ತಿಗೆ ನನಗೆ ನನ್ನ ಮೇಲೆಯೇ ಹೇಸಿಗೆ ಬಂದಿತ್ತು. ಸಾವಿರದ ಎಂಟುನೂರ ಎಪ್ಪತ್ತೆರಡರಲ್ಲಿ ಎರಡು ದಿನದಿಂದ ಸಿಕ್ಕಿಕೊಂಡಿದ್ದೆ, ಬೀಳಿಸಬೇಕಾದದ್ದು ಅನಾನಸ್ಸನ್ನೇ. ಸಾಕು ಎಂದು ಹಾಳೆ ತೆಗೆದುಕೊಂಡು ನನಗೆ ನಾನೇ ಒಂದು ಮೆಮೊ ಬರೆದುಕೊಂಡೆ. ರಾಮಯ್ಯನಿಗೆ ಬರೆದ ವಾಕ್ಯಗಳೇ. ಹೆಸರು ಮಾತ್ರ ಡಾ. ಗಿರಿಜಾಂಬಾ. ಇವರು ಪೂಜೆಗೆ ಕೂತ ಮೇಲೆ ಇವರ ಫೋನನ್ನು ತೆರೆದೆ, ಎರಡು ನಿಮಿಷದ ಕೆಲಸ ಮುಗಿಸಲು.

ಅನಾನಸ್ ಮರ ಆಗಲೇ ಅಲ್ಲಿತ್ತು. ತೆರೆದರೆ: ಸಾವಿರದ ಎಂಟುನೂರ ಎಪ್ಪತ್ತೆರಡು.

ಪೂಜೆ ಮುಗಿಯುವವರೆಗೆ ನಿಂತೇ ಇದ್ದೆ. ಅವರು ಬಂದರು. ನನ್ನ ಕೈಯಲ್ಲಿದ್ದ ಫೋನನ್ನೂ ಮೇಜಿನ ಮೇಲಿದ್ದ ಮೆಮೊವನ್ನೂ ನೋಡಿದರು. ಮೆಮೊವನ್ನು ಓದಿ, "ವ್ಯಾಕರಣ ಸರಿಯಾಗಿದೆ," ಎಂದರು.

"ಇದು ಯಾವಾಗ ಬಂತು ರೀ?"

"ಹೋದ ಶನಿವಾರಾನೇ. ಪಾರ್ಕಲ್ಲಿ ಸಿದ್ದ ಹಾಕ್ಕೊಟ್ಟ. ಹಾಕಿ ನೋಡ್ತೀವಿ, ಇದ್ದ ಜೀವ ಒಂದೊಂದೇ ಮಾಯ. ನಾನು ಬೆಂಚ್ ಮೇಲೆ ಸುಮ್ನೆ ಕೂತಿದೀನಿ, ಲೆವೆಲ್ಲಲ್ಲಿ ಯಾರೋ ಸಾಯ್ತಾವ್ರೆ. ಒಂದೇ ಐಡಿ ಕಣೇ. ನಿನ್ನದೇ ಸಿದ್ಧಾಂತ."

"ಗೊತ್ತಿದ್ದೂ ಒಂದು ಮಾತು ಹೇಳಲಿಲ್ಲ!"

"ನೀನು ಅಳಿಸಿದಾಗ ಹೇಳಿದ್ಯಾ?"

ಮೆಮೊವನ್ನು ಅವರ ಕೈಯಿಂದ ತೆಗೆದುಕೊಂಡು ಮಡಿಚಿದೆ. "ಮತ್ತೆ ಎಂಟು ದಿನ ನೀವು ಆಡಲೇ ಇಲ್ಲವಾ? ರೇವಣಸಿದ್ದಪ್ಪನವರು ಎಷ್ಟರಲ್ಲಿದ್ದಾರೆ?"

"ಸಾವಿರದ ಒಂಬೈನೂರ ಮೂವತ್ತು. ಹೋಗ್ಲಿ ಬುಡು," ಎಂದು ಪತ್ರಿಕೆ ಬಿಡಿಸಿಕೊಂಡು ಕೂತರು. "ಆ ಅನಾನಸ್ಸು ಬಿತ್ತಾ?"

"ಇಲ್ಲ."

"ಆಡು ಮತ್ತೆ. ಪಕ್ಕದ ಸಾಲು ಮೊದ್ಲು ಖಾಲಿ ಮಾಡು."

ಇನ್ನು ಮುಚ್ಚಿಡುವುದೇನಿತ್ತು? ಎದುರಿಗೆ ಕೂತು ಆಡಿದೆ. ಪಕ್ಕದ ಸಾಲು ಖಾಲಿ ಮಾಡಿದೆ. ಸೋತೆ. ಅವರು ಕುತ್ತಿಗೆ ಚಾಚಿ, "ಅಯ್ಯೋ, ಎಡಗಡೆ ಮಾವಿನಣ್ಣು ಕಾಣ್ಲಿಲ್ವಾ, ಡಾಕ್ಟ್ರೇಟ್ ಯಾರು ಕೊಟ್ರೇ ನಿಂಗೆ?" ಎಂದರು. "ಸುಮ್ಮನಿರಿ, ಅನಾನಸ್ಸನ್ನು ಮರಕ್ಕೆ ನೇತುಹಾಕದಿದ್ದರೆ ಇಷ್ಟು ಕಷ್ಟವೇ ಇರುತ್ತಿರಲಿಲ್ಲ," ಎಂದೆ. ಉಪ್ಪಿಟ್ಟು ತಣ್ಣಗಾಯಿತು. ನಾಲ್ಕು, ಮೂರು, ಎರಡು, ಒಂದು. ಕೊನೆಯ ಜೀವದಲ್ಲಿ ಅನಾನಸ್ಸು ನೆಲಕ್ಕೆ ಒಂದೇ ಮನೆ ಬಾಕಿ ಇರುವಾಗ ನಿಂತುಬಿಟ್ಟಿತು.

"ಮುಗಿಯಿತು," ಎಂದು ಫೋನು ಕೆಳಗಿಟ್ಟೆ. "ಇನ್ನು ಅರ್ಧ ಗಂಟೆ ಕಾಯಬೇಕು."

"ಯಾಕೆ ಕಾಯ್ಬೇಕು? ದಿನಾ ಆ ಲಕೋಟೇಲಿ ಸಿದ್ದ ಜೀವ ಕಳಿಸ್ತಿದ್ದ, ನಾನು ಒಡೀತಿದ್ದೆ."

ಏಕಾಂತಯ್ಯ ಪತ್ರಿಕೆ ಮಡಿಚಿಟ್ಟು ಎದ್ದರು. ಚಪ್ಪಲಿ ಮೆಟ್ಟಿಕೊಂಡು ಗೇಟಿನವರೆಗೆ ಹೋದರು. ರಸ್ತೆಯ ಆಚೆ ರೇವಣಸಿದ್ದಪ್ಪನವರು ಗಿಡಗಳಿಗೆ ನೀರು ಹಾಕುತ್ತಿದ್ದರು. ಇತ್ತ ಹಾಲಿನವನು, ಹೂವಿನವಳು, ಪಕ್ಕದ ಮನೆಯ ವಸಂತಮ್ಮ. ಇವರು ಗಂಟಲು ಸರಿಮಾಡಿಕೊಂಡರು. ದಿನವೂ ಮಾಡಿ ರೂಢಿಯಾದ ಕೆಲಸದಂತೆ ಎರಡೂ ಕೈ ಎತ್ತಿ ಮುಗಿದರು.

"ಗುರುಗಳೇ," ಎಂದು ಬೀದಿಗೆಲ್ಲ ಕೇಳುವಂತೆ ಕೂಗಿದರು, "ನಮ್ಮೋಳು ಅನಾನಸ್ಸಲ್ಲಿ ಸಿಕ್ಕಾಕ್ಕೊಂಡವ್ಳೆ. ಇನ್ನೆರಡು ಜೀವ ಕಳ್ಸಿ, ಗುರುಗಳೇ!"