ಪಂಚೆಯ ಮೇಲಿನ ಚಿತ್ರ

ಲಂಡನ್ನಿನ ವೆಂಬ್ಲಿಯ ಸಭಾಂಗಣದ ಪರದೆ ಅರ್ಧ ಇಳಿದು, ಹಟ ಹಿಡಿದ ಎಮ್ಮೆಯ ಹಾಗೆ ನಿಂತುಬಿಟ್ಟಿತು. ಕನ್ನಡ ಸಂಘದ ಕಾರ್ಯದರ್ಶಿ ತಿರುಮಲೇಶ ಕಾರಿನಲ್ಲಿದ್ದ ತನ್ನ ಪೂಜೆಯ ಪಂಚೆ ತಂದು ಮೇಲಿನ ಕೊಳವೆಗೆ ಅಡ್ಡಕ್ಕೆ ಕಟ್ಟಿದ. ತಂತಿ ಮಕ್ಕಳ ಕಾಲಿಗೆ ಸಿಗದಿರಲೆಂದು ಪ್ರೊಜೆಕ್ಟರನ್ನು ಪಂಚೆಯ ಹಿಂದೆ ಇಟ್ಟ.

ನಾಲ್ಕು ವರ್ಷದಿಂದ ಅವನು ಒಂದು ಭಾನುವಾರವೂ ಮನೆಯಲ್ಲಿ ಕಾಲು ಚಾಚಿದವನಲ್ಲ. ಕುರ್ಚಿ ಹೊರುವುದು, ಶಾಲು ತರುವುದು, ಚಪ್ಪಲಿ ಕಳೆದುಕೊಂಡವರಿಂದ ಬೈಸಿಕೊಳ್ಳುವುದು ಎಲ್ಲ ಅವನೇ. ಅಧ್ಯಕ್ಷ ಅಮೃತಪ್ಪ, ಧಾರವಾಡದ ನಿವೃತ್ತ ಡಾಕ್ಟರು, ಕೊನೆಗೂ ಮಾತು ಕೊಟ್ಟಿದ್ದರು: "ಇವತ್ತಿನ ಮೂಕಿ ಪಿಕ್ಚರ್ ನೋಡಿ ಮಂದಿ ನಕ್ಕರ ನಿನ್ನ ಈ ಕೆಲಸದಿಂದ ಬಿಡ್ತೇವಿ. ನಗಲಿಲ್ಲಂದ್ರ ಮುಂದಿನ ವರ್ಷಾನೂ ನೀನ."

ನೂರು ವರ್ಷ ಹಳೆಯ ಹಾಸ್ಯಚಿತ್ರ. ಮಾತೇ ಇಲ್ಲದ್ದರಿಂದ ಇಲ್ಲಿನ ಮಕ್ಕಳಿಗೂ ತೊಂದರೆಯಿಲ್ಲ. ಹಿನ್ನೆಲೆ ಸಂಗೀತಕ್ಕೆ ಸಂಘದ ಸುವರ್ಣಾ ಹಾರ್ಮೋನಿಯಂ ಹಿಡಿದು ಕೂತಿದ್ದರು.

ದೀಪ ಆರಿತು. ಪಂಚೆಯ ಮೇಲೆ ಬರೀ ಬೆಳಕು.

"ಬೇಗ ನೋಡ್ರೀ," ಅಂದರು ಅಡುಗೆ ಉಸ್ತುವಾರಿಯ ವಿಶಾಲಾಕ್ಷಿ. "ಹಿಂದೆ ಮೊಸರನ್ನ ಇಟ್ಟಿದ್ದೀನಿ, ತುಳಿದುಗಿಳಿದೀರ."

ತಿರುಮಲೇಶ ಪಂಚೆಯ ಹಿಂದಕ್ಕೆ ಓಡಿದ. ಲ್ಯಾಪ್‌ಟಾಪಿನ ತಂತಿ ಅಲ್ಲಾಡಿಸುವಷ್ಟರಲ್ಲಿ ಪಂಚೆಯ ತುದಿ ಜೋತುಬಿತ್ತು. ಏಣಿ ಹತ್ತಿ ಕಟ್ಟಿದ. ಏಣಿ ಜಾರಿತು. ಮೇಲಿನ ಕೊಳವೆ ಹಿಡಿದು ಒಣಹಾಕಿದ ಪ್ಯಾಂಟಿನ ಹಾಗೆ ನೇತಾಡಿದ. ಕೈ ಸೋತು ಬಿದ್ದಾಗ ಬಲಗಾಲು ನೇರ ಮೊಸರನ್ನದ ಕೊಳಗಕ್ಕೆ. ಎಳೆದರೆ ಬರಲೊಲ್ಲದು. ಕೊಳಗದ ಸಮೇತ ಕುಣಿಯುತ್ತ ತಿರುಗಿದರೆ, ವಾಲಿದ್ದ ಏಣಿ ಬೆನ್ನಿಗೊಂದು ಬಿಟ್ಟಿತು.

ಆಚೆ ಜನ ಬಿದ್ದು ಬಿದ್ದು ನಗುತ್ತಿದ್ದರು. ಹಾರ್ಮೋನಿಯಂ ಹುಚ್ಚೆದ್ದು ಓಡುತ್ತಿತ್ತು. 'ಇಲ್ಲಿ ನನ್ನ ಸೊಂಟ ಮುರೀತಿದೆ, ಇವರಿಗೆಂಥ ನಗು' ಎಂದು ಅವನ ಮೈಯೆಲ್ಲ ಉರಿಯಿತು.

ಹೇಗೋ ಕಾಲು ಬಿಡಿಸಿಕೊಂಡು ತಂತಿ ಸರಿಮಾಡಿದ. ನಿಜವಾದ ಚಿತ್ರ ಓಡತೊಡಗಿತು. ಸಭೆ ಪರೀಕ್ಷೆಯ ಕೋಣೆಯಂತೆ ತಣ್ಣಗಾಯಿತು.

"ಅಂಕಲ್, ದಿಸ್ ಒನ್ ಈಸ್ ಬೋರಿಂಗ್," ಅಂದಳು ಎಂಟು ವರ್ಷದ ಸಂಹಿತಾ. "ಪ್ಲೇ ದ ಫಸ್ಟ್ ಒನ್."

ಪಂಚೆಯ ಆಚೆಯಿಂದ ಅಮೃತಪ್ಪನವರ ದನಿ ಬಂತು. "ಹೌದಪಾ, ಇದನ್ನ ಬಂದ್ ಮಾಡು. ಮೊದಲ ಆ ದಡ್ಡನ ನೆರಳು ಕೊಳಗದಾಗ ಕಾಲಿಟ್ಟು ಕುಣೀತಿತ್ತಲ್ಲ, ಅದನ್ನ ಹಾಕು."

ತಿರುಮಲೇಶ ಬೆಳಕನ್ನು ನೋಡಿದ, ಪಂಚೆಯನ್ನು ನೋಡಿದ. ಆಗ ಹೊಳೆಯಿತು.

"ಸರ್, ಅದು ಪಿಕ್ಚರ್ ಅಲ್ಲ..."

"ಏನರ ಇರಲಿ. ನನ್ನ ಹೆಂಡತಿ ಈಗ ಬಂದಾಳ, ಆಕೀನೂ ನೋಡಿ ನಗಬೇಕು. ಇಲ್ಲಂದ್ರ ಮುಂದಿನ ವರ್ಷಾನೂ ನೀನ."

ತಿರುಮಲೇಶ ತಂತಿ ಕಿತ್ತ. ಪಂಚೆ ಮತ್ತೆ ಬೆಳ್ಳಗಾಯಿತು. ಸುವರ್ಣಾ ತಿದಿ ಒತ್ತಿದರು. ಅವನು ಮಂಡಿ ಸವರಿಕೊಂಡು ಏಣಿ ಹತ್ತಿ, ಕೊಳವೆಗೆ ಜೋತುಬಿದ್ದು, ಕಣ್ಣು ಮುಚ್ಚಿ ಕೈ ಬಿಟ್ಟ.