ನಕಲು ಬೇಡ, ಅಸಲಿ ಕೊಡಿ

ನಮ್ಮ ಅಕ್ಕ ಗಂಗವ್ವ ಗೆದ್ದ ಕೇಸಿನ ತೀರ್ಪಿನ ಕಾಗದವನ್ನು ಕೋರ್ಟಿನಿಂದ ತಂದುಕೊಡುವುದಷ್ಟೇ ನನ್ನ ಕೆಲಸವಾಗಿತ್ತು. ಅದನ್ನು ನಾನು ಮಾಡಲಿಲ್ಲ. ಮಾಡದೆ ಇರಲು ನಾನು ಪಟ್ಟಷ್ಟು ಕಷ್ಟವನ್ನು ಮಾತ್ರ ಬೇರೆ ಯಾರೂ ಪಟ್ಟಿರಲಿಕ್ಕಿಲ್ಲ.

ಪಕ್ಕದ ಮನೆಯವನು ಅಕ್ಕನ ತಲೆಬಾಗಿಲಿಗೆ ಅಡ್ಡವಾಗಿ ಗೋಡೆ ಕಟ್ಟಿದ್ದ. ಅಂದಿನಿಂದ ಅಕ್ಕ ತನ್ನ ಮನೆಗೆ ತಾನೇ ಹಿತ್ತಲಿನ ಬಚ್ಚಲ ಬಾಗಿಲಿನಿಂದ, ಸೊಂಟ ಬಗ್ಗಿಸಿ ಹೋಗಬೇಕಿತ್ತು. ಬೀಗರು ಬಂದರೂ ಬಚ್ಚಲು ಹಾಯ್ದೇ ಒಳಗೆ. ಗೋಡೆ ತೆಗೆಯತಕ್ಕದ್ದು ಎಂದು ತಾಲೂಕಿನ ಕೋರ್ಟು ತೀರ್ಪು ಕೊಟ್ಟಿತು. ಪಕ್ಕದವನು ಜಗ್ಗಲಿಲ್ಲ. "ಬಾಯಿಲೆ ಹೇಳಿದ್ರ ನಡಿಯಂಗಿಲ್ಲವಾ, ಕಾಗದ ತೋರ್ಸು" ಎಂದ.

"ತಮ್ಮಾ, ಪ್ಯಾಟ್ಯಾಗ ಇರಾಂವ ನೀನು. ನೀನ ತಂದುಕೊಡಪಾ" ಎಂದಳು ಅಕ್ಕ.

"ಅಷ್ಟ ಅಲ್ಲೇನಬೇ ಯಕ್ಕಾ? ಇವತ್ತ ಹೋದ್ರ ನಾಳಿ ಕಾಗದ ನಿನ್ನ ಕೈಯಾಗ" ಎಂದೆ.

ನಾನು ಏಳನೆಯ ತರಗತಿಗೇ ಶಾಲೆ ಬಿಟ್ಟವನು. ಆದರೆ ಬೆಟಗೇರಿಯ ಸೀರೆ ಅಂಗಡಿಯಲ್ಲಿ ಕೂತು ಕೂತು, ರೇಷ್ಮೆ ಅಸಲಿಯೋ ನಕಲಿಯೋ ಎಂದು ಸೆರಗು ಮುಟ್ಟಿಯೇ ಹೇಳಬಲ್ಲೆ. ಈ ವಿದ್ಯೆಯೇ ನನ್ನನ್ನು ಹಾಳು ಮಾಡಿತು.

ಮೊದಮೊದಲು ತಪ್ಪು ಕೋರ್ಟಿನದೇ. ಹೋದಾಗಲೆಲ್ಲ "ಟೈಪ್ ಆಗಿಲ್ರಿ" ಎಂದರು. ಟೈಪ್ ಆಯಿತು, ಸಹಿ ಆಗಿರಲಿಲ್ಲ. ಸಹಿ ಆಯಿತು, ಶಿಕ್ಕಾ ಹೊಡೆಯುವವರು ರಜೆ ಹಾಕಿದ್ದರು. ಬೇಸಿಗೆ ಹೋಗಿ ಮಳೆ ಬಂತು. ಕೊನೆಗೊಂದು ದಿನ ಗುಮಾಸ್ತರು, "ಬರ್ರಿ, ನಿಮ್ಮ ನಕಲು ತಯಾರಾಗೈತಿ" ಎಂದು ನಗುತ್ತ ಕರೆದರು.

ನಕಲು! ನನ್ನ ಕಿವಿ ನಿಮಿರಿದವು.

"ನಕಲು ಯಾಕ್ರಿ? ಅಸಲಿ ಎಲ್ಲೈತಿ?"

"ಅಸಲು ಕೋರ್ಟಿನ್ಯಾಗ ಇರ್ತೈತ್ರಿ. ಎಲ್ಲಾರಿಗೂ ಕೊಡೂದು ನಕಲ."

"ಎಲ್ಲಾರಿಗೂ ಕೊಡ್ರಿ. ನಮ್ಮಕ್ಕ ಖರೇನ ಗೆದ್ದಾಳ. ಅಸಲಿ ಇದ್ರ ಕೊಡ್ರಿ, ಇಲ್ಲಾಂದ್ರ ಬ್ಯಾಡ."

"ಯಜಮಾನ್ರ, ಸ್ವಲ್ಪ ವಿಚಾರ ಮಾಡ್ರಿ."

"ಅಸಲಿ ನಕಲಿ ನನಗ ಕಲಿಸ್ತೀರೇನ್ರಿ?"

ಮೀಸೆ ತಿರುವಿ ಹೊರಬಂದೆ. ಬಸ್ ಹತ್ತಿ ವಾಪಸ್ ಬಂದು, ಗದಗದ ಬಸ್‌ಸ್ಟ್ಯಾಂಡಿನಲ್ಲಿ ಇಳಿದು, ಮೋಸ ಹೋಗದೆ ಪಾರಾದ ಖುಷಿಗೆ ಗಿರ್ಮಿಟ್ ತಿಂದೆ. ಅಕ್ಕನಿಗೆ ಫೋನ್ ಮಾಡಿ, "ಕೊಡವಲ್ಲರು ನೋಡಬೇ" ಎಂದೆ. ಅಕ್ಕನ ಕೇಸು ನಡೆಸಿದ ವಕೀಲರಿಗೂ ಅಷ್ಟೇ ಹೇಳಿದೆ. ಅಸಲಿ ನಕಲಿಯ ಮಾತು ಎತ್ತಲಿಲ್ಲ. ಅದು ವ್ಯಾಪಾರದ ಗುಟ್ಟು. ವಕೀಲರಿಗೆ ಸಿಟ್ಟು ನೆತ್ತಿಗೇರಿ ಧಾರವಾಡದ ಹೈಕೋರ್ಟಿಗೆ ಅರ್ಜಿ ಹಾಕಿದರು.

ವಿಚಾರಣೆಯ ದಿನ ಇಸ್ತ್ರಿ ಅಂಗಿ ತೊಟ್ಟು, ಅಕ್ಕನನ್ನೂ ಕರೆದುಕೊಂಡು ಹೋದೆ. ಗೆದ್ದವರಿಗೆ ತೀರ್ಪಿನ ಪ್ರತಿ ಕೊಡಲು ಇಷ್ಟು ತಡವೇಕೆ ಎಂದು ನ್ಯಾಯಮೂರ್ತಿಗಳು ಗುಡುಗಿದರು. ನಾನು ಅಕ್ಕನ ಕಡೆ ನೋಡಿ ಎದೆಯುಬ್ಬಿಸಿದೆ. ಆಗ ಸರ್ಕಾರಿ ವಕೀಲರು ಎದ್ದು ಕೆಳಗಿನ ಕೋರ್ಟಿನ ಉತ್ತರ ಓದಿದರು: "ಸದರಿ ನಕಲು ಸಿದ್ಧವಿದ್ದು, ಅರ್ಜಿದಾರರ ತಮ್ಮನೆಂಬುವರು ಹಾಜರಾಗಿ, ತಮಗೆ ನಕಲು ಬೇಡವೆಂದೂ ಅಸಲಿಯೇ ಬೇಕೆಂದೂ ತಿಳಿಸಿ, ಮೀಸೆ ತಿರುವಿ ತೆರಳಿರುತ್ತಾರೆ."

ಮೀಸೆಯ ವಿಷಯ ಬರೆಯುವ ಅಗತ್ಯವಿರಲಿಲ್ಲ.

ಇಡೀ ಕೋರ್ಟು ನಕ್ಕಿತು. ನಮ್ಮ ವಕೀಲರು ನಗಲಿಲ್ಲ. ಅಕ್ಕನೂ ನಗಲಿಲ್ಲ. ಮೊದಲಿನ ತಡಕ್ಕೆ ನ್ಯಾಯಮೂರ್ತಿಗಳು ಕೆಳಗಿನ ಕೋರ್ಟಿಗೆ ತಾಕೀತು ಮಾಡಿ, ಇನ್ನು ಮುಂದೆ ಯಾರನ್ನೂ ಹೀಗೆ ಅಲೆದಾಡಿಸಬಾರದು ಎಂದರು. ನಕಲನ್ನು ಆ ವಾರವೇ ಅರ್ಜಿದಾರರ ಕೈಯಲ್ಲೇ ಕೊಡಬೇಕೆಂದು ಆದೇಶಿಸಿದರು. "ಕೈಯಲ್ಲೇ" ಎನ್ನುವಾಗ ನನ್ನ ಕಡೆ ನೋಡಿದರು.

ಅಕ್ಕ ತಾನೇ ಹೋಗಿ ತಂದಳು. ಕೊನೆಯ ಹಾಳೆಯಲ್ಲಿ, ದುಂಡನೆಯ ಶಿಕ್ಕಾದ ಪಕ್ಕ, "ನಿಜ ನಕಲು" ಎಂದಿತ್ತು. ಇಷ್ಟು ವರ್ಷ ಅಂಗಡಿಯಲ್ಲಿ ಕೂತರೂ ಅಂಥ ಮಾಲು ನಾನು ನೋಡಿರಲಿಲ್ಲ.

ಗೋಡೆ ಬಿದ್ದ ದಿನ ಅಕ್ಕನ ಊರಿಗೆ ಹೋದೆ. ತಲೆಬಾಗಿಲಿನಿಂದ ಹೋಗಲು ಮುಖವಿಲ್ಲದೆ, ಹಿತ್ತಲಿಗೆ ಸುತ್ತಿಬಂದು ಬಚ್ಚಲ ಬಾಗಿಲಲ್ಲಿ ಬಗ್ಗಿದೆ. ಒಳಗೆ ಅಕ್ಕ ಸೊಂಟದ ಮೇಲೆ ಕೈಯಿಟ್ಟು ನಿಂತಿದ್ದಳು.

"ಬಗ್ಗಿ ಬಗ್ಗಿ ನನ್ನ ನಡಾ ಹೋತು. ಈಗ ನೀ ಯಾಕ ಬಗ್ಗಾಕತ್ತಿ?"

"ತಪ್ಪಾತು, ಯಕ್ಕಾ."

"ಇದು ಅಸಲಿನೋ, ನಕಲಿನೋ?"

ತಲೆ ಎತ್ತಲು ಹೋಗಿ ಚೌಕಟ್ಟಿಗೆ ಬಡಿದುಕೊಂಡೆ.

"ಅಸಲಿ ಐತಿಬೇ. ಮಳಿ ಬರೂತನಾ ಕೋರ್ಟಿನ ತಪ್ಪು. ಅಲ್ಲಿಂದ ಮುಂದಿಂದೆಲ್ಲಾ ನಂದ. ತಪ್ಪಾತು, ಯಕ್ಕಾ."